ಬೆಂಜಮಿನ್ ಫ್ರಾಂಕ್ಲಿನ್

ಬೆಂಜಮಿನ್ ಫ್ರಾಂಕ್ಲಿನ್ (ಜನವರಿ 17, 1706 – ಏಪ್ರಿಲ್ 17, 1790) ಅಮೆರಿಕದ ಮುದ್ರಕ, ವಿಜ್ಞಾನಿ ಹಾಗೂ ರಾಜನೀತಿಜ್ಞ. ಮಿಂಚಿನ ಕುರಿತ ಪ್ರಯೋಗಗಳಿಂದಲೂ ಸ್ವಾತಂತ್ರ್ಯ ಘೋಷಣೆಗೆ ಹಾಕಿದ ಸಹಿಯಿಂದಲೂ ವಿದ್ಯಾರ್ಥಿಗಳಿಗೆ ಪರಿಚಿತನಾದ ಈತ, 42ನೆಯ ವಯಸ್ಸಿಗೇ ತನ್ನ ಅಚ್ಚುಕೂಟದ ದೈನಂದಿನ ಆಡಳಿತವನ್ನು ಪಾಲುದಾರನಿಗೆ ಒಪ್ಪಿಸಿ ಬಿಡುವು ಪಡೆದವನು. ಮುಂದಿನ ಸಾಧನೆಗಳಿಗೆಲ್ಲ ಈ ಬಿಡುವೇ ಆಧಾರವಾಯಿತು.

ಅಚ್ಚುಕೂಟ

ಬಾಸ್ಟನ್ನಿನಲ್ಲಿ ಜನಿಸಿದ ಫ್ರಾಂಕ್ಲಿನ್ ಅಣ್ಣ ಜೇಮ್ಸ್‌ನ ಬಳಿ ಮುದ್ರಣ ಕಲಿತು, 1723ರಲ್ಲಿ ಫಿಲಡೆಲ್ಫಿಯಕ್ಕೆ ಓಡಿಬಂದ. 1728ರಲ್ಲಿ ಗೆಳೆಯನೊಬ್ಬನೊಡನೆ ಅಚ್ಚುಕೂಟ ತೆರೆದು, ಎರಡು ವರ್ಷಗಳಲ್ಲಿ ಅದರ ಏಕೈಕ ಒಡೆಯನಾದ. ಪೆನ್ಸಿಲ್ವೇನಿಯ ಗೆಜೆಟ್ ಪತ್ರಿಕೆಯೂ ಪೂರ್ ರಿಚರ್ಡ್ ಹೆಸರಿನ ಪಂಚಾಂಗವೂ ಒಳ್ಳೆಯ ಆದಾಯ ತಂದವು. ಪತ್ನಿ ಡೆಬೊರಾ ಅಂಗಡಿ ನೋಡಿಕೊಳ್ಳುತ್ತಿದ್ದಳು. ಕಿರುಹೊತ್ತಗೆಗಳನ್ನು ಮಡಿಚಿ ಹೊಲಿಯುವುದೂ ಕಾಗದದ ತಯಾರಿಕೆಗೆ ಬೇಕಾದ ಹಳೆಯ ಬಟ್ಟೆ ಕೊಳ್ಳುವುದೂ ಆಕೆಯ ಕೆಲಸವಾಗಿತ್ತು.

ಪಾಲುದಾರಿಕೆಗಳು

ದೂರದಲ್ಲಿದ್ದುಕೊಂಡೇ ವ್ಯವಹಾರ ನಡೆಸುವುದನ್ನು ಫ್ರಾಂಕ್ಲಿನ್ ಹಂತ ಹಂತವಾಗಿ ಕಲಿತ. 1731ರಲ್ಲಿ ತನ್ನ ಕೆಲಸಗಾರ ಥಾಮಸ್ ವಿಟ್‌ಮಾರ್ಷ್‌ನನ್ನು ದಕ್ಷಿಣ ಕ್ಯಾರೊಲಿನದ ಚಾರ್ಲ್ಸ್‌ಟನ್‌ಗೆ ಕಳುಹಿಸಿದ. ಮುದ್ರಣಯಂತ್ರ, ಅಚ್ಚುಮೊಳೆಗಳು ಫ್ರಾಂಕ್ಲಿನ್ನನವು. ಖರ್ಚಿನಲ್ಲೂ ಲಾಭದಲ್ಲೂ ಮೂರನೆಯ ಒಂದು ಪಾಲು ಈತನದು. ಅವಧಿ ಆರು ವರ್ಷ. ವಿಟ್‌ಮಾರ್ಷ್ ಬೇಗನೆ ತೀರಿಕೊಂಡ. ಅವನ ಸ್ಥಾನಕ್ಕೆ ಬಂದ ಲೂಯಿಸ್ ತಿಮೊಥಿ ವಿದ್ಯಾವಂತನಾದರೂ ಲೆಕ್ಕ ಬಾರದವನು. ಹಣವೇನೋ ಆಗಾಗ ಬರುತ್ತಿತ್ತು, ಲೆಕ್ಕಪತ್ರ ಮಾತ್ರ ಬರುತ್ತಿರಲಿಲ್ಲ. ಅವನು ಸತ್ತ ಮೇಲೆ ಹಾಲೆಂಡಿನಲ್ಲಿ ಬೆಳೆದ ಪತ್ನಿ ಎಲಿಜಬೆತ್ ಮೂರು ತಿಂಗಳಿಗೊಮ್ಮೆ ತಪ್ಪದೆ ಲೆಕ್ಕ ಒಪ್ಪಿಸಿದಳು. ಅವಧಿ ಮುಗಿದಾಗ ಅಚ್ಚುಕೂಟವನ್ನೇ ಕೊಂಡುಕೊಂಡಳು. ಹೆಣ್ಣುಮಕ್ಕಳಿಗೆ ಲೆಕ್ಕಪತ್ರದ ವಿದ್ಯೆ ಕಲಿಸಬೇಕೆಂದು ಫ್ರಾಂಕ್ಲಿನ್ ಆತ್ಮಕಥೆಯಲ್ಲಿ ವಾದಿಸಿರುವುದು ಈ ಅನುಭವದಿಂದಲೇ. ಪಾಲುದಾರರೊಡನೆ ಜಗಳವಾಗದಿರಲು, ಇಬ್ಬರ ಹೊಣೆಗಳನ್ನೂ ಕರಾರಿನಲ್ಲಿ ಸ್ಪಷ್ಟವಾಗಿ ಬರೆದಿಟ್ಟದ್ದು ಕಾರಣವೆಂದು ಈತ ನಂಬಿದ್ದ.

1744ರಲ್ಲಿ ಲಂಡನ್ನಿನಿಂದ ಬಂದ ಡೇವಿಡ್ ಹಾಲ್‌ನನ್ನು ಸುಮಾರು ನಾಲ್ಕು ವರ್ಷ ಪರೀಕ್ಷಿಸಿ, 1748ರ ಜನವರಿಯಲ್ಲಿ ಫಿಲಡೆಲ್ಫಿಯದ ಮುಖ್ಯ ಅಚ್ಚುಕೂಟವನ್ನೇ ವಹಿಸಿಕೊಟ್ಟ. 18 ವರ್ಷದ ಕರಾರು. ಲಾಭದಲ್ಲಿ ಅರ್ಧ ಪಾಲು. ಬಳಿಕ ಫ್ರಾಂಕ್ಲಿನ್ ಊರಿನ ಗದ್ದಲವಿಲ್ಲದ ಭಾಗಕ್ಕೆ ಮನೆ ಬದಲಿಸಿದ. 1766ರಲ್ಲಿ ಅವಧಿ ಮುಗಿದಾಗ ಈತ ಲಂಡನ್ನಿನಲ್ಲಿದ್ದುದರಿಂದ, ನ್ಯೂಯಾರ್ಕಿನ ಹಳೆಯ ಪಾಲುದಾರ ಜೇಮ್ಸ್ ಪಾರ್ಕರ್ ಲೆಕ್ಕ ಪರಿಶೀಲಿಸಿದ.

ನಂತರದ ಜೀವನ

ಬಿಡುವನ್ನು ಅಧ್ಯಯನಕ್ಕೆ ಮೀಸಲಿಡುವ ಇಚ್ಛೆ ಭಾಗಶಃ ಮಾತ್ರ ಈಡೇರಿತು. ವಿದ್ಯುತ್ ಪ್ರಯೋಗಗಳಿಗಾಗಿ 1753ರಲ್ಲಿ ರಾಯಲ್ ಸೊಸೈಟಿಯ ಕಾಪ್ಲಿ ಪದಕ ದೊರೆಯಿತಾದರೂ, ಅಷ್ಟರಲ್ಲಿ ಶಾಸನಸಭೆ, ಅಂಚೆ ಇಲಾಖೆಗಳ ಕೆಲಸ ಈತನನ್ನು ಆವರಿಸಿಕೊಂಡಿತ್ತು.

ಈ ಬಿಡುವು ಇತರರ ದುಡಿಮೆಯ ಮೇಲೆ ನಿಂತಿದ್ದುದನ್ನು ಮರೆಯಲಾಗದು. ಗೆಜೆಟ್ ಗುಲಾಮರ ಮಾರಾಟದ ಜಾಹೀರಾತುಗಳನ್ನು ಪ್ರಕಟಿಸುತ್ತಿತ್ತು. ಈತನ ಮನೆಯಲ್ಲೂ ಗುಲಾಮರಿದ್ದರು. 1787ರಲ್ಲಷ್ಟೇ ಈತ ಗುಲಾಮಗಿರಿ ವಿರೋಧಿ ಸಂಘದ ಅಧ್ಯಕ್ಷನಾದ. 1764ರ ಕೊನೆಗೆ ಲಂಡನ್ನಿಗೆ ತೆರಳಿದ ಪತಿಯನ್ನು ಮತ್ತೆ ಕಾಣದೆಯೇ ಡೆಬೊರಾ 1774ರಲ್ಲಿ ನಿಧನಳಾದಳು.

ಫ್ರಾಂಕ್ಲಿನ್ ತನ್ನ ಮೃತ್ಯುಪತ್ರದಲ್ಲಿ ಬಾಸ್ಟನ್ ಮತ್ತು ಫಿಲಡೆಲ್ಫಿಯ ನಗರಗಳಿಗೆ ತಲಾ 1,000 ಪೌಂಡು ಬಿಟ್ಟುಹೋದ. ಸ್ವಂತ ಕಸುಬು ಆರಂಭಿಸುವ ತರುಣ ಕುಶಲಕರ್ಮಿಗಳಿಗೆ ಆ ಹಣದಿಂದ ಸಾಲ ಕೊಡಬೇಕೆಂದು ವಿಧಿಸಿದ್ದ.