ಮಾಡಿ ತೋರಿಸಿದವರು, ಕಲಿಸಿದವರು: ಕೆ. ವಿ. ಅಯ್ಯರ್

ಅಭ್ಯಾಸ ಬೋಧನೆಯ ಎರಡನೇ ವಾರ ಕುಪ್ಪಳ್ಳಿ ಕಡೆಯ ಒಂದು ಪ್ರೌಢಶಾಲೆಯಲ್ಲಿ ಒಂಬತ್ತನೇ ತರಗತಿಗೆ ಸ್ನಾಯು ಅಂಗಾಂಶದ ಪಾಠ ಮಾಡಿದೆ. ಕಾಲೇಜಿನಲ್ಲಿ ನಾನು ಕಬಡ್ಡಿ ಆಡಿದವನು. ತೋಳು ಮಡಚಿ ಸ್ನಾಯು ಉಬ್ಬಿಸಿ ತೋರಿಸಿದೆ. ಮಕ್ಕಳು ಚಪ್ಪಾಳೆ ತಟ್ಟಿದರು. ಪಾಠ ಗೆದ್ದಿತು ಎಂದುಕೊಂಡೆ. ತೋಳನ್ನು ಮತ್ತೆ ನೇರ ಮಾಡುವಾಗ ಕೆಲಸ ಮಾಡುವ ಸ್ನಾಯು ಯಾವುದು ಎಂದು ಕೇಳಿದಾಗ ಇಡೀ ತರಗತಿ ಸುಮ್ಮನಾಯಿತು. ಪಾಠದ ನಂತರ ಮೇಲ್ವಿಚಾರಕರು ಒಂದೇ ಮಾತು ಹೇಳಿದರು: ಮಕ್ಕಳು ನನ್ನ ತೋಳು ನೋಡಿದ್ದಾರೆ, ತಮ್ಮ ತೋಳು ನೋಡಿಲ್ಲ.

ಆ ರಾತ್ರಿ ನೆನಪಾದವರು ಕೆ. ವಿ. ಅಯ್ಯರ್. ‘ಶಾಂತಲಾ’ ಕಾದಂಬರಿಯ ಲೇಖಕರಾಗಿ ಅವರು ನಮಗೆಲ್ಲ ಗೊತ್ತು. ಆದರೆ ಅವರು ಬದುಕು ಕಟ್ಟಿಕೊಂಡದ್ದು ಅಂಗಸಾಧನೆಯಿಂದ. ತಾನು ಚೆನ್ನಾಗಿ ಮಾಡಬಲ್ಲದ್ದನ್ನು ಇನ್ನೊಬ್ಬರಿಗೆ ಕಲಿಸುವ ಕಷ್ಟವನ್ನು ಜೀವನವಿಡೀ ಎದುರಿಸಿದವರು ಅವರು. ಅದಕ್ಕಾಗಿ ಅವರ ಬದುಕನ್ನು ಇಲ್ಲಿ ಬರೆಯುತ್ತಿದ್ದೇನೆ.

ಕೋಲಾರ ವೆಂಕಟೇಶ ಅಯ್ಯರ್ ಹುಟ್ಟಿದ್ದು 19ನೇ ಶತಮಾನದ ಕೊನೆಯ ವರ್ಷಗಳಲ್ಲಿ, ಕೋಲಾರ ಸೀಮೆಯಲ್ಲಿ. ಆಗ ನಮ್ಮ ಊರುಗಳಲ್ಲಿ ಗರಡಿಮನೆಗಳಿದ್ದವು. ದಂಡೆ, ಬಸ್ಕಿ, ಕುಸ್ತಿ ಇದ್ದವು. ಇನ್ನೊಂದು ಕಡೆಯಿಂದ ಪಶ್ಚಿಮದ ಅಂಗಸಾಧನೆಯ ಹೊಸ ಅಲೆ ಬರುತ್ತಿತ್ತು. ಜಗತ್ಪ್ರಸಿದ್ಧ ಅಂಗಸಾಧಕ ಯೂಜೀನ್ ಸ್ಯಾಂಡೋ 20ನೇ ಶತಮಾನದ ಮೊದಲ ದಶಕದಲ್ಲಿ ಭಾರತಕ್ಕೂ ಬಂದು ಪ್ರದರ್ಶನ ಕೊಟ್ಟು ಹೋಗಿದ್ದ. ಈ ಎರಡು ದಾರಿಗಳು ಕೂಡುವ ಜಾಗದಲ್ಲಿ ಅಯ್ಯರ್ ಬೆಳೆದರು. ಬಾರ್‌ಬೆಲ್ ಎತ್ತಿದರು, ಆಸನ ಮತ್ತು ಸೂರ್ಯನಮಸ್ಕಾರಗಳನ್ನೂ ಬಿಡಲಿಲ್ಲ. ಒಂದು ಇನ್ನೊಂದಕ್ಕೆ ವಿರೋಧ ಎಂದು ಅವರು ನೋಡಲಿಲ್ಲ.

ಮೊದಮೊದಲು ಅವರ ಹೆಸರು ಹರಡಿದ್ದು ಅವರ ದೇಹದಿಂದಲೇ. ಛಾಯಾಚಿತ್ರಗಳಲ್ಲಿ ಅವರ ಮೈಕಟ್ಟು ಶಿಲ್ಪದಂತೆ ಕಾಣುತ್ತದೆ. 1930ರಲ್ಲಿ ಇಂಗ್ಲಿಷಿನಲ್ಲಿ ಬಂದ ‘ಮಸಲ್ ಕಲ್ಟ್’ ಪುಸ್ತಕದಲ್ಲಿ ತಮ್ಮ ದೇಹವನ್ನು ತಾವೇ ಮುಕ್ತವಾಗಿ ಹೊಗಳಿಕೊಂಡಿದ್ದಾರೆ. ಇವತ್ತು ಓದಿದರೆ ಸ್ವಲ್ಪ ಮುಜುಗರವಾಗಬಹುದು. ಆದರೆ ಅದೇ ಮನುಷ್ಯ ಬೆಂಗಳೂರಿನಲ್ಲಿ ವ್ಯಾಯಾಮಶಾಲೆ ತೆರೆದು, ತನ್ನ ಮೈಕಟ್ಟು ಇಲ್ಲದ ನೂರಾರು ಜನರನ್ನು ಎದುರಿಗೆ ನಿಲ್ಲಿಸಿಕೊಂಡರು. ಆಗ ಹೊಗಳಿಕೆಯಿಂದ ಕೆಲಸ ನಡೆಯುವುದಿಲ್ಲ. ಬಂದವನು ಸಣಕಲು ಇರಬಹುದು, ಬೊಜ್ಜಿನವನಿರಬಹುದು, ಕಚೇರಿಯಲ್ಲಿ ಕೂತು ಬೆನ್ನು ಬಾಗಿದವನಿರಬಹುದು. ಅವನಿಗೆ ಬೇಕಾದದ್ದು ಗುರುವಿನ ದೇಹವಲ್ಲ, ನಾಳೆ ಬೆಳಿಗ್ಗೆ ಎದ್ದು ಮಾಡಬೇಕಾದ ಮೊದಲ ಹೆಜ್ಜೆ.

ಅಯ್ಯರ್ ಅವರ ಬೋಧನೆಯ ದೊಡ್ಡ ಪರೀಕ್ಷೆ ಅಂಚೆಯ ಮೂಲಕ ಬಂತು ಎಂದು ನನಗನ್ನಿಸುತ್ತದೆ. ಅವರು ಅಂಚೆ ಶಿಕ್ಷಣದ ಮೂಲಕವೂ ಅಂಗಸಾಧನೆ ಕಲಿಸಿದರು. ಶಿಷ್ಯ ಎಲ್ಲೋ ದೂರದ ಊರಿನಲ್ಲಿರುತ್ತಾನೆ. ಅವನ ಭುಜ ಹಿಡಿದು ತಿದ್ದುವಂತಿಲ್ಲ, ತಪ್ಪಿದಾಗ ತಡೆಯುವಂತಿಲ್ಲ. ಇರುವುದು ಚಿತ್ರ ಮತ್ತು ಬರಹ ಮಾತ್ರ. ಹಾಗಾಗಿ ಒಂದು ಚಲನೆಯನ್ನು ಬಿಡಿಸಿ, ಎಲ್ಲಿ ಆರಂಭ, ಎಲ್ಲಿ ಕೊನೆ, ಉಸಿರು ಯಾವಾಗ ಎಂದು ಹೇಳದೆ ಗತಿಯಿಲ್ಲ. ನಾವು ಪಾಠಯೋಜನೆಯಲ್ಲಿ ಹಂತಗಳನ್ನು ಬರೆಯುವುದೂ ಇದೇ ಕಾರಣಕ್ಕೆ. 1936ರಲ್ಲಿ ‘ಪರ್ಫೆಕ್ಟ್ ಫಿಸೀಕ್’, 1937ರಲ್ಲಿ ಸೂರ್ಯನಮಸ್ಕಾರದ ಪುಸ್ತಕ ಬಂದವು.

ಇನ್ನೊಂದು ಪರೀಕ್ಷೆ ಅರಮನೆಯಿಂದ ಬಂತು. ನಾಲ್ವಡಿ ಕೃಷ್ಣರಾಜ ಒಡೆಯರು ಅನಾರೋಗ್ಯದಿಂದ ಬಳಲಿದಾಗ ಅಯ್ಯರ್ ಅವರಿಗೆ ವ್ಯಾಯಾಮದ ನೆರವು ನೀಡಿದರು. ಬಾರ್‌ಬೆಲ್ ಎತ್ತುವ ತರುಣನಿಗೆ ಹೇಳುವ ಪಾಠವನ್ನು ದುರ್ಬಲಗೊಂಡ ದೇಹಕ್ಕೆ ಹೇಳುವಂತಿಲ್ಲ. ಕಲಿಯುವವನು ಇರುವಲ್ಲಿಂದ ಶುರುಮಾಡಬೇಕು. ಮೈಸೂರಿನ ಜಗನ್ಮೋಹನ ಅರಮನೆಯಲ್ಲಿ ತಿರುಮಲೈ ಕೃಷ್ಣಮಾಚಾರ್ಯರು ಯೋಗ ಕಲಿಸುತ್ತಿದ್ದ ಕಾಲದಲ್ಲೇ ಅಯ್ಯರ್ ಅವರ ಶಿಷ್ಯರೊಬ್ಬರು ಅಲ್ಲಿ ಅಂಗಸಾಧನೆ ಕಲಿಸಿದರು. ಗುರುವಿನ ಕೈಯಿಂದ ವಿದ್ಯೆ ಇನ್ನೊಂದು ಕೈಗೆ ದಾಟಿತ್ತು. ಬೆಂಗಳೂರಿನ ಜೆ. ಸಿ. ರಸ್ತೆಯ ವ್ಯಾಯಾಮಶಾಲೆಯಂತೂ ಅವರ ಹೆಸರಿನೊಂದಿಗೆ ಬೆರೆತುಹೋಯಿತು.

ಆ ವ್ಯಾಯಾಮಶಾಲೆ ಬರೀ ಕಬ್ಬಿಣ ಎತ್ತುವ ಜಾಗವಾಗಿ ಉಳಿಯಲಿಲ್ಲ. ನಾಟಕಕಾರ ಟಿ. ಪಿ. ಕೈಲಾಸಂ ಅಯ್ಯರ್ ಅವರ ಆಪ್ತರು. ದಿನಚರಿ, ಶಿಸ್ತು ಎಂದರೆ ದೂರ ಉಳಿದ ಕೈಲಾಸಂ, ಶಿಸ್ತನ್ನೇ ವೃತ್ತಿಯಾಗಿಸಿಕೊಂಡ ಅಯ್ಯರ್! ಇಬ್ಬರ ಸ್ನೇಹ 1946ರಲ್ಲಿ ಕೈಲಾಸಂ ತೀರಿಕೊಳ್ಳುವವರೆಗೂ ಉಳಿಯಿತು. ಅವರ ಬಗ್ಗೆ ಅಯ್ಯರ್ ನೆನಪುಗಳನ್ನೂ ಬರೆದರು. ‘ರವಿ ಕಲಾವಿದರು’ ನಾಟಕ ತಂಡ ಬೆಳೆದದ್ದೂ ಅಯ್ಯರ್ ಅವರ ಬಳಗದಲ್ಲೇ. ಹೊಯ್ಸಳ ರಾಣಿಯ ಕಥೆ ‘ಶಾಂತಲಾ’, ಚಿತ್ರಕಾರನೊಬ್ಬ ತನ್ನ ಚಿತ್ರಕ್ಕೆ ಮುಖಗಳನ್ನು ಹುಡುಕುವ ಕಥೆ ‘ರೂಪದರ್ಶಿ’ ಅವರ ಲೇಖನಿಯಿಂದ ಬಂದವು. ದೇಹ ತಿದ್ದುವವರು ದೇಹದ ಆಚೆಗೂ ನೋಡಿದ್ದರು. 1980ರಲ್ಲಿ ಅಯ್ಯರ್ ತೀರಿಕೊಂಡರು.

ಅವರ ಬದುಕಿನಿಂದ ನಾನು ತೆಗೆದುಕೊಂಡದ್ದು ಇಷ್ಟು. ನಮಗೆ ಬರುವುದು ಬೇರೆ, ಕಲಿಸುವುದು ಬೇರೆ. ಮೊದಲನೆಯದಿಲ್ಲದೆ ಎರಡನೆಯದು ಕಷ್ಟ. ಆದರೆ ಮೊದಲನೆಯದೊಂದೇ ಇದ್ದರೆ ತರಗತಿ ಪ್ರದರ್ಶನವಾಗುತ್ತದೆ.

ಮರುವಾರ ಅದೇ ಪಾಠವನ್ನು ಮತ್ತೆ ಮಾಡಿದೆ. ಈ ಸಲ ನಾನು ಕೈ ಕಟ್ಟಿ ನಿಂತೆ. ಮಕ್ಕಳು ತಮ್ಮ ತೋಳಿನ ಮುಂದೆ, ಹಿಂದೆ ಬೆರಳಿಟ್ಟು ಮೊದಲು ಪುಸ್ತಕದ ಚೀಲ ಎತ್ತಿದರು, ಆಮೇಲೆ ಮೇಜನ್ನು ದೂಡಿದರು. ಎತ್ತುವಾಗ ಮುಂದಿನದು, ದೂಡುವಾಗ ಹಿಂದಿನದು ಗಟ್ಟಿಯಾಗುತ್ತದೆ ಎಂದು ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಕಂಡುಹಿಡಿದಳು. ಚಪ್ಪಾಳೆ ಬೀಳಲಿಲ್ಲ. ಎಲ್ಲರೂ ತಮ್ಮ ತಮ್ಮ ತೋಳು ಮುಟ್ಟಿ ನೋಡಿಕೊಳ್ಳುವುದರಲ್ಲಿ ಮಗ್ನರಾಗಿದ್ದರು.