ಅಂಗೈಯ ಆಟಕ್ಕೆ ಜನ್ಮವಿತ್ತ ಗುನ್ಪೇ ಯೊಕೊಯಿ

ಆಟವೆಂಬುದು ಮಾನವ ಸಂಸ್ಕೃತಿಯಷ್ಟೇ ಪ್ರಾಚೀನವಾದುದು. ಹಂಪೆಯ ಮಂಟಪಗಳ ಹಾಸುಗಲ್ಲುಗಳ ಮೇಲೆ ಯಾರೋ ಕೊರೆದಿಟ್ಟ ಆಟದ ಮನೆಗಳು ಇಂದಿಗೂ ಅಳಿಯದೆ ಉಳಿದಿವೆ. ಕೂಡ್ಲಿಗಿ, ಕೊಟ್ಟೂರು, ಹಡಗಲಿಯ ಸೀಮೆಯ ಹಳ್ಳಿಗಳ ಗುಡಿಕಟ್ಟೆಗಳ ಮೇಲೆ ಹುಲಿ-ಕುರಿ ಆಟವನ್ನೋ ಚೌಕಾಬಾರವನ್ನೋ ಆಡಲು ನಾಲ್ಕು ಕವಡೆ, ಹಿಡಿಯಷ್ಟು ಹರಳುಗಳಿದ್ದರೆ ಸಾಕು. ಅಲ್ಪ ಸಾಧನದಿಂದ ಅನಲ್ಪವಾದ ಆನಂದವನ್ನು ಪಡೆಯುವ ಈ ಜಾಣ್ಮೆಯು ಯಾವುದೊಂದು ನಾಡಿನ ಸ್ವತ್ತಲ್ಲ. ಇಪ್ಪತ್ತನೆಯ ಶತಮಾನದಲ್ಲಿ ವಿದ್ಯುನ್ಮಾನ ವಿಜ್ಞಾನವು ಆಟದ ಲೋಕವನ್ನು ಪ್ರವೇಶಿಸಿದಾಗ ಆಟಗಳು ಅಂಗಡಿಯ ದೊಡ್ಡ ಯಂತ್ರಗಳಿಗೂ ಮನೆಯ ದೂರದರ್ಶನ ಪೆಟ್ಟಿಗೆಗೂ ಅಂಟಿಕೊಂಡವು. ಅವನ್ನು ಮರಳಿ ಮನುಷ್ಯನ ಅಂಗೈಗೆ ತಂದಿತ್ತವರಲ್ಲಿ ಅಗ್ರಗಣ್ಯರು ಜಪಾನಿನ ಗುನ್ಪೇ ಯೊಕೊಯಿಯವರು. ಅವರ ಹೆಸರನ್ನು ಅರಿಯದವರೂ ಅವರು ನಿರ್ಮಿಸಿದ ಗೇಮ್ ಬಾಯ್ ಎಂಬ ಪುಟ್ಟ ಯಂತ್ರವನ್ನು ಬಲ್ಲರು.

ಯೊಕೊಯಿಯವರು 1941ರ ಸೆಪ್ಟೆಂಬರ್ 10ರಂದು ಜಪಾನಿನ ಪುರಾತನ ರಾಜಧಾನಿ ಕ್ಯೋಟೋದಲ್ಲಿ ಜನಿಸಿದರು. ಅದೇ ನಗರದ ದೋಶಿಶಾ ವಿಶ್ವವಿದ್ಯಾನಿಲಯದಲ್ಲಿ ವಿದ್ಯುನ್ಮಾನ ವಿಷಯವನ್ನು ಅಭ್ಯಸಿಸಿ 1965ರಲ್ಲಿ ನಿಂಟೆಂಡೋ ಎಂಬ ಸಂಸ್ಥೆಯನ್ನು ಸೇರಿದರು. ಆ ಸಂಸ್ಥೆ ಅಂದು ವಿದ್ಯುನ್ಮಾನಕ್ಕೆ ಹೆಸರಾದುದಾಗಿರಲಿಲ್ಲ. 1889ರಲ್ಲಿ ಫುಸಾಜಿರೋ ಯಮಾವುಚಿಯವರು ಸ್ಥಾಪಿಸಿದ ಅದು ಹನಾಫುಡಾ ಎಂಬ, ಹೂವಿನ ಚಿತ್ರಗಳುಳ್ಳ ಇಸ್ಪೀಟಿನ ಎಲೆಗಳನ್ನು ತಯಾರಿಸುವ ಕಾರ್ಖಾನೆಯಾಗಿ ಹೆಸರು ಪಡೆದಿತ್ತು. ಪದವೀಧರ ಯೊಕೊಯಿಯವರಿಗೆ ಅಲ್ಲಿ ದೊರೆತ ಕೆಲಸವೆಂದರೆ ಎಲೆಗಳನ್ನು ಮಾಡುವ ಯಂತ್ರಗಳು ಕೆಡದಂತೆ ನೋಡಿಕೊಳ್ಳುವುದು. ಕೀರ್ತಿಯ ಕನಸು ಕಾಣುವ ತರುಣನಿಗೆ ಅದು ಕಿರಿದೆನಿಸಬಹುದಾದ ಉದ್ಯೋಗ. ಯಂತ್ರಗಳು ಸರಿಯಾಗಿ ನಡೆಯುತ್ತಿದ್ದ ದಿನಗಳಲ್ಲಿ ಬಿಡುವೂ ಬೇಕಾದಷ್ಟಿತ್ತು. ಆ ಬಿಡುವನ್ನು ಅವರು ವ್ಯರ್ಥಗೊಳಿಸದೆ, ಕೈಗೆ ಸಿಕ್ಕ ಸಲಕರಣೆಗಳಿಂದ ಏನನ್ನಾದರೂ ಮಾಡುತ್ತ ಕುಳಿತಿರುತ್ತಿದ್ದರು.

ಹೀಗೆ ವಿನೋದಕ್ಕೆಂದು ಮಾಡಿದ ಒಂದು ವಸ್ತುವೇ ಅವರ ಬಾಳಿನ ದಿಕ್ಕನ್ನು ಬದಲಿಸಿತು. ಅದು ಒಂದರ ಮೇಲೊಂದು ಅಡ್ಡವಾಗಿ ಕೂಡಿಸಿದ ಪಟ್ಟಿಗಳ ಒಂದು ಉದ್ದನೆಯ ಇಕ್ಕಳ. ಹಿಡಿಯನ್ನು ಒತ್ತಿದರೆ ಅದು ಮುಂದಕ್ಕೆ ಚಾಚಿಕೊಂಡು ದೂರದ ವಸ್ತುವನ್ನು ಹಿಡಿಯುತ್ತಿತ್ತು. ಕಾರ್ಖಾನೆಯನ್ನು ನೋಡಲು ಬಂದ ಅಧ್ಯಕ್ಷ ಹಿರೋಶಿ ಯಮಾವುಚಿಯವರ ಕಣ್ಣಿಗೆ ಅದು ಬಿತ್ತು. ಕರೆ ಬಂದಾಗ, ಕೆಲಸದ ಹೊತ್ತಿನಲ್ಲಿ ಆಟವಾಡಿದ್ದಕ್ಕೆ ಛೀಮಾರಿ ಕಾದಿದೆಯೆಂದೇ ಯೊಕೊಯಿಯವರು ಎಣಿಸಿದ್ದರು. ದೊರೆತುದು ಛೀಮಾರಿಯಲ್ಲ, ಅದನ್ನು ಮಾರಾಟದ ಆಟಿಕೆಯಾಗಿ ರೂಪಿಸಬೇಕೆಂಬ ಆಜ್ಞೆ. 1966ರಲ್ಲಿ ಅಲ್ಟ್ರಾ ಹ್ಯಾಂಡ್ ಎಂಬ ಹೆಸರಿನಿಂದ ಹೊರಬಂದ ಆ ಆಟಿಕೆ ಹತ್ತು ಲಕ್ಷಕ್ಕೂ ಮಿಕ್ಕಿ ಮಾರಾಟವಾಯಿತು. ಯಂತ್ರಗಳ ಪಾಲಕ ಆಟಿಕೆಗಳ ನಿರ್ಮಾತೃವಾದರು. ಅಧೀನನೊಬ್ಬನ ಬಿಡುವಿನ ಕೆಲಸದಲ್ಲಿ ಪ್ರತಿಭೆಯನ್ನು ಗುರುತಿಸಿದ ಹಿರಿಯರ ದೃಷ್ಟಿಯೂ ಇಲ್ಲಿ ಸ್ಮರಣೀಯವೇ ಆಗಿದೆ.

ಮುಂದಿನ ವರ್ಷಗಳಲ್ಲಿ ಅವರು ಚೆಂಡನ್ನು ಎಸೆಯುವ ಯಂತ್ರ, ಬೆಳಕಿನ ಕೋವಿ ಮುಂತಾದ ಅನೇಕ ಆಟಿಕೆಗಳನ್ನು ರಚಿಸಿದರು. ಬೆಳಕಿನ ಕೋವಿಯ ಗುರಿಯಲ್ಲಿ ಅವರು ಬಳಸಿದುದು ಬೆಳಕನ್ನು ವಿದ್ಯುತ್ತಾಗಿಸುವ ಸೌರಕೋಶವನ್ನು. ವಿದ್ಯುತ್ ಉತ್ಪಾದಿಸಲೆಂದು ಮಾಡಿದ ವಸ್ತುವನ್ನು ಅವರು ಗುರಿ ತಾಗಿತೋ ಇಲ್ಲವೋ ಎಂಬುದನ್ನು ಅರಿಯುವ ಕಣ್ಣಾಗಿ ಮಾರ್ಪಡಿಸಿದರು. ಒಂದು ಕಾರ್ಯಕ್ಕಾಗಿ ಹುಟ್ಟಿದ ವಸ್ತುವಿಗೆ ಇನ್ನೊಂದು ಕಾರ್ಯವನ್ನು ಕಲ್ಪಿಸುವ ಈ ಬುದ್ಧಿಯೇ ಅವರ ಜೀವನದ ಸೂತ್ರವಾಯಿತು. ತೀರ ಹೊಸದಾದ ತಂತ್ರವಿದ್ಯೆ ದುಬಾರಿಯಾದುದು, ಅದರ ದೋಷಗಳು ಇನ್ನೂ ಬೆಳಕಿಗೆ ಬಾರದಿರುವಂಥವು. ಹಳತಾಗಿ, ಬಳಕೆಯಿಂದ ಮಾಗಿ, ಎಲ್ಲರಿಗೂ ಅರ್ಥವಾಗಿ ಅಗ್ಗವಾಗಿರುವ ವಿದ್ಯೆಯನ್ನೇ ತೆಗೆದುಕೊಂಡು ಯಾರೂ ಊಹಿಸದ ಕಡೆಗೆ ಅದನ್ನು ತಿರುಗಿಸಬೇಕು ಎಂಬುದು ಅವರ ಸಿದ್ಧಾಂತ. ಬಾಡಿದ ಗಿಡದ ರೂಪಕದಿಂದ ಅವರು ಅದನ್ನು ಬಣ್ಣಿಸುತ್ತಿದ್ದರು.

ಈ ಸಿದ್ಧಾಂತದ ಮೊದಲ ಮಹತ್ತ್ವದ ಫಲ 1980ರಲ್ಲಿ ಕಾಣಿಸಿಕೊಂಡಿತು. ಎಪ್ಪತ್ತರ ದಶಕದಲ್ಲಿ ಜಪಾನಿನ ಸಂಸ್ಥೆಗಳ ನಡುವೆ ನಡೆದ ಪೈಪೋಟಿಯಿಂದ ಜೇಬಿನ ಕ್ಯಾಲ್ಕುಲೇಟರುಗಳ ಬೆಲೆ ಬಹಳ ಇಳಿದಿತ್ತು. ಅವುಗಳ ದ್ರವಸ್ಫಟಿಕದ ಪರದೆ ಮತ್ತು ಚಿಪ್ಪುಗಳು ಸುಲಭವಾಗಿ ದೊರೆಯುವಂತಾಗಿದ್ದವು. ಒಮ್ಮೆ ರೈಲಿನಲ್ಲಿ ಪ್ರಯಾಣಿಸುತ್ತಿದ್ದಾಗ ನೌಕರನೊಬ್ಬನು ಬೇಸರ ಕಳೆಯಲು ಕ್ಯಾಲ್ಕುಲೇಟರಿನ ಗುಂಡಿಗಳನ್ನು ಒತ್ತುತ್ತ ಕುಳಿತಿದ್ದುದನ್ನು ಯೊಕೊಯಿಯವರು ಕಂಡರು. ಹಿರಿಯರೂ ಸಂಕೋಚವಿಲ್ಲದೆ ಕೈಯಲ್ಲಿ ಮರೆಮಾಡಿ ಆಡಬಹುದಾದ ಒಂದು ಪುಟ್ಟ ಆಟವಿದ್ದರೆ ಹೇಗೆಂಬ ಯೋಚನೆ ಅವರಿಗೆ ಹೊಳೆಯಿತು. ಬಳಿಕ ಒಂದು ದಿನ ಚಾಲಕನ ಗೈರುಹಾಜರಿಯಲ್ಲಿ ಅಧ್ಯಕ್ಷರ ಕಾರನ್ನು ತಾವೇ ನಡೆಸಬೇಕಾಗಿ ಬಂದಾಗ ದಾರಿಯಲ್ಲಿ ಈ ವಿಚಾರವನ್ನು ಅರುಹಿದುದಾಗಿಯೂ, ಕೆಲವು ದಿನಗಳಲ್ಲೇ ಶಾರ್ಪ್ ಸಂಸ್ಥೆಯವರು ಮಾತುಕತೆಗೆ ಬಂದುದಾಗಿಯೂ ಅವರು ಮುಂದೆ ನೆನೆದುಕೊಂಡಿದ್ದಾರೆ. ಹೀಗೆ ಗಡಿಯಾರವೂ ಆಟವೂ ಒಂದಾದ ಗೇಮ್ ಅಂಡ್ ವಾಚ್ ಮಾಲಿಕೆ ಆರಂಭವಾಯಿತು. 1991ರವರೆಗೆ ನಡೆದ ಈ ಮಾಲಿಕೆಯ ಯಂತ್ರಗಳು ಜಗತ್ತಿನಾದ್ಯಂತ 4 ಕೋಟಿಗೂ ಮೀರಿ ಮಾರಾಟವಾದವು.

ಈ ಮಾಲಿಕೆಯಲ್ಲಿ 1982ರಲ್ಲಿ ಬಂದ ಡಾಂಕಿ ಕಾಂಗ್ ಎಂಬ ಎರಡು ಪರದೆಗಳ ಯಂತ್ರದಲ್ಲಿ ಸಂಕಲನ ಚಿಹ್ನೆಯ ಆಕಾರದ ಒಂದು ಗುಂಡಿಯಿತ್ತು. ಅದನ್ನು ಹೆಬ್ಬೆರಳಿನಿಂದ ಒತ್ತಿದರೆ ಮೇಲೆ, ಕೆಳಗೆ, ಎಡಕ್ಕೆ, ಬಲಕ್ಕೆ ಚಲಿಸಬಹುದಿತ್ತು. ಎದ್ದುನಿಂತ ಸನ್ನೆಕೋಲು ಜೇಬಿಗೆ ಒಗ್ಗದೆಂಬ ಕಾರಣದಿಂದ ಹುಟ್ಟಿದ ಈ ಚಪ್ಪಟೆ ಗುಂಡಿ ಮುಂದೆ ಆಟದ ಯಂತ್ರಗಳೆಲ್ಲಕ್ಕೂ ಮಾದರಿಯಾಯಿತು. ನೋಡದೆಯೇ ಬೆರಳಿಗೆ ದಿಕ್ಕು ತಿಳಿಯುವುದೇ ಅದರ ಗುಟ್ಟು. ಇದೇ ಕಾಲದಲ್ಲಿ, ಅಂದರೆ 1981ರಲ್ಲಿ, ಶಿಗೆರು ಮಿಯಾಮೊಟೊ ಎಂಬ ತರುಣ ಚಿತ್ರಕಾರರ ಮೊದಲ ದೊಡ್ಡ ಆಟದ ನಿರ್ಮಾಣಕ್ಕೆ ಯೊಕೊಯಿಯವರು ಮೇಲ್ವಿಚಾರಕರಾಗಿ ನಿಂತರು. ಆ ಶಿಷ್ಯರು ಮುಂದೆ ವಿಶ್ವವಿಖ್ಯಾತರಾದರು.

1989ರ ಏಪ್ರಿಲ್ 21ರಂದು ಜಪಾನಿನಲ್ಲಿ ಗೇಮ್ ಬಾಯ್ ಬಿಡುಗಡೆಯಾಯಿತು. ಸತೋರು ಒಕಾಡಾ ಮೊದಲಾದ ಸಹೋದ್ಯೋಗಿಗಳ ಪರಿಶ್ರಮವೂ ಅದರಲ್ಲಿ ಬೆರೆತಿತ್ತು. ಗೇಮ್ ಅಂಡ್ ವಾಚ್‌ನಲ್ಲಿ ಯಂತ್ರಕ್ಕೊಂದೇ ಆಟ. ಗೇಮ್ ಬಾಯ್‌ನಲ್ಲಿ ಕಾರ್ಟ್ರಿಜ್ ಎಂಬ ಸಣ್ಣ ಬಿಲ್ಲೆಯನ್ನು ಬದಲಿಸಿ ಬೇರೆಬೇರೆ ಆಟಗಳನ್ನು ಆಡಬಹುದಿತ್ತು. ಅಡ್ಡ 160, ಉದ್ದ 144 ಚುಕ್ಕೆಗಳ ಪರದೆ, ಹಸಿರು ಛಾಯೆಯ ಕೇವಲ ನಾಲ್ಕು ಹಂತಗಳ ನೆರಳು, ನಾಲ್ಕು ಪೆನ್ಸಿಲ್ ಸೆಲ್ಲುಗಳು, ಇಷ್ಟೇ ಅದರ ವೈಭವ. ಅದೇ ವರ್ಷ ಅಟಾರಿಯ ಲಿಂಕ್ಸ್, ಮರುವರ್ಷ ಸೇಗಾದ ಗೇಮ್ ಗಿಯರ್ ಎಂಬ ಯಂತ್ರಗಳು ಬಣ್ಣದ, ಒಳಬೆಳಕಿನ ಪರದೆಗಳೊಡನೆ ಬಂದವು. ಆದರೆ ಅವು ಆರು ಸೆಲ್ಲುಗಳನ್ನು ಕೆಲವೇ ಗಂಟೆಗಳಲ್ಲಿ ಬರಿದುಮಾಡುತ್ತಿದ್ದವು. ಗೇಮ್ ಬಾಯ್ ನಾಲ್ಕೇ ಸೆಲ್ಲುಗಳಿಂದ ಹತ್ತು ಗಂಟೆಗೂ ಮಿಕ್ಕಿ ನಡೆಯುತ್ತಿತ್ತು. ಬೆಲೆಯೂ ಕಡಿಮೆ, ಕಾಯವೂ ಗಟ್ಟಿ. ಬಣ್ಣವನ್ನು ಬಿಟ್ಟುಕೊಟ್ಟುದು ಅಶಕ್ತಿಯಿಂದಲ್ಲ, ಆಡುವವನ ಜೇಬನ್ನು ನೆನೆದು. ಆಟ ಚೆನ್ನಾಗಿದ್ದರೆ ಬಣ್ಣವನ್ನು ಮನಸ್ಸೇ ತುಂಬಿಕೊಳ್ಳುವುದೆಂಬ ನಂಬಿಕೆ ಅವರದು.

ಆ ನಂಬಿಕೆಯನ್ನು ಸತ್ಯವಾಗಿಸಿದುದು ಟೆಟ್ರಿಸ್ ಎಂಬ ಆಟ. 1984ರಲ್ಲಿ ಮಾಸ್ಕೋದಲ್ಲಿ ಅಲೆಕ್ಸಿ ಪಾಜಿಟ್ನೋವ್ ಅವರು ರಚಿಸಿದ್ದ, ಮೇಲಿನಿಂದ ಬೀಳುವ ತುಂಡುಗಳನ್ನು ಸಾಲಾಗಿ ಜೋಡಿಸುವ ಆ ಆಟವನ್ನು ಹೆಂಕ್ ರೋಜರ್ಸ್ ಅವರ ಒತ್ತಾಯದ ಮೇರೆಗೆ ಅಮೆರಿಕದಲ್ಲಿ ಯಂತ್ರದ ಜತೆಗೇ ನೀಡಲಾಯಿತು. ಮಕ್ಕಳಷ್ಟೇ ಅಲ್ಲದೆ ವೃದ್ಧರೂ ಗೃಹಿಣಿಯರೂ ಅದಕ್ಕೆ ಮನಸೋತರು. 1993ರಲ್ಲಿ ರಷ್ಯದ ಗಗನಯಾತ್ರಿ ಅಲೆಕ್ಸಾಂಡರ್ ಸೆರೆಬ್ರೋವ್ ಅವರು ಗೇಮ್ ಬಾಯನ್ನು ಮೀರ್ ನಿಲ್ದಾಣಕ್ಕೂ ಕೊಂಡೊಯ್ದರು. ಎರಡು ಯಂತ್ರಗಳನ್ನು ಕೂಡಿಸುವ ತಂತಿಯೊಂದನ್ನು ಯೊಕೊಯಿಯವರ ತಂಡ ಮೊದಲೇ ಒದಗಿಸಿತ್ತು. ಆ ತಂತಿಯೇ ಸತೋಶಿ ತಾಜಿರಿಯವರಿಗೆ ಸ್ಫೂರ್ತಿಯಾಗಿ 1996ರಲ್ಲಿ ಪೋಕೆಮಾನ್ ಆಟ ಅವತರಿಸಿತು. ಮುಂದೆ ಬಂದ ಬಣ್ಣದ ಮಾದರಿಯೂ ಸೇರಿ ಗೇಮ್ ಬಾಯ್ ಯಂತ್ರಗಳು ಒಟ್ಟು 11 ಕೋಟಿ 86 ಲಕ್ಷಕ್ಕೂ ಮೀರಿ ಮಾರಾಟವಾದವು. ಕನ್ನಡ ನಾಡಿನ ಮಧ್ಯಮ ವರ್ಗದ ಮನೆಗಳಿಗೆ ಆ ಯಂತ್ರ ದುಬಾರಿಯೇ ಆಗಿತ್ತು. ಆದರೆ ತೊಂಬತ್ತರ ದಶಕದಲ್ಲಿ ಪೇಟೆಯ ಅಂಗಡಿಗಳಲ್ಲಿ ಅಗ್ಗದ ಬೆಲೆಗೆ ದೊರೆಯುತ್ತಿದ್ದ ಬ್ರಿಕ್ ಗೇಮ್ ಎಂಬ ಪುಟ್ಟ ಯಂತ್ರಗಳು ಅದೇ ತುಂಡು ಜೋಡಿಸುವ ಆಟವನ್ನು ಇಲ್ಲಿನ ಮಕ್ಕಳ ಕೈಗೂ ತಲುಪಿಸಿದವು.

ಏರಿದವರಿಗೆ ಇಳಿಯುವ ಕಾಲವೂ ಬರುವುದುಂಟು. 1995ರಲ್ಲಿ ಯೊಕೊಯಿಯವರ ನೇತೃತ್ವದಲ್ಲಿ ವರ್ಚುಯಲ್ ಬಾಯ್ ಎಂಬ ಯಂತ್ರ ಬಿಡುಗಡೆಯಾಯಿತು. ಕಾಲಿನ ಮೇಲೆ ನಿಲ್ಲಿಸಿ ಅದರೊಳಗೆ ಕಣ್ಣಿಟ್ಟು ನೋಡಿದರೆ ಕಪ್ಪಿನ ಮೇಲೆ ಕೆಂಪು ಗೆರೆಗಳ, ಆಳವುಳ್ಳ ಚಿತ್ರಗಳು ಕಾಣುತ್ತಿದ್ದವು. ಅದು ಜೇಬಿಗೂ ಸಲ್ಲಲಿಲ್ಲ, ಮನೆಮಂದಿ ಕೂಡಿ ನೋಡುವುದಕ್ಕೂ ಒದಗಲಿಲ್ಲ. ಆಡಿದವರು ಕಣ್ಣುನೋವು, ತಲೆನೋವುಗಳ ದೂರು ಹೇಳಿದರು. ಸುಮಾರು 7 ಲಕ್ಷ 70 ಸಾವಿರ ಯಂತ್ರಗಳಷ್ಟೇ ಮಾರಾಟವಾಗಿ ಒಂದು ವರ್ಷ ತುಂಬುವ ಹೊತ್ತಿಗೆ ತಯಾರಿಕೆ ನಿಂತಿತು. ಮೂವತ್ತು ವರ್ಷಗಳ ಯಶಸ್ಸಿನ ಮೇಲೆ ಈ ಸೋಲಿನ ನೆರಳು ಬಿತ್ತು. 1996ರ ಆಗಸ್ಟಿನಲ್ಲಿ ಅವರು ಸಂಸ್ಥೆಯನ್ನು ಬಿಟ್ಟರು. ಸೋಲೇ ಅದಕ್ಕೆ ಕಾರಣವೆಂದು ಲೋಕ ಆಡಿಕೊಂಡಿತು. ಐವತ್ತು ದಾಟಿದ ಮೇಲೆ ಸ್ವತಂತ್ರವಾಗಿ ದುಡಿಯಬೇಕೆಂಬ ಬಯಕೆ ತಮಗೆ ಬಹುದಿನಗಳಿಂದ ಇತ್ತೆಂದು ಅವರು ತಿಳಿಸಿದರು. ಹೊರಡುವ ಮುನ್ನ, ಅದೇ ವರ್ಷದ ಜುಲೈಯಲ್ಲಿ, ಮೂಲ ಯಂತ್ರಕ್ಕಿಂತ ಕಿರಿದೂ ಸ್ಪಷ್ಟವಾದ ಪರದೆಯುಳ್ಳದ್ದೂ ಆದ ಗೇಮ್ ಬಾಯ್ ಪಾಕೆಟ್ ಹೊರಬಂದಿತ್ತು. ಸೋತ ಕೈಯಿಂದಲೇ ಗೆಲ್ಲುವ ವಸ್ತುವನ್ನೂ ಕೊಟ್ಟು ಅವರು ಹೊರನಡೆದರು.

ಕ್ಯೋಟೋದಲ್ಲಿಯೇ ಕೋತೋ ಎಂಬ ಸ್ವಂತ ಪ್ರಯೋಗಾಲಯವನ್ನು ತೆರೆದು, ಬಂಡಾಯ್ ಸಂಸ್ಥೆಗಾಗಿ ಇನ್ನೊಂದು ಅಂಗೈ ಯಂತ್ರದ ರಚನೆಯಲ್ಲಿ ಅವರು ತೊಡಗಿದರು. ಆದರೆ ವಿಧಿಯ ಎಣಿಕೆ ಬೇರೆಯಾಗಿತ್ತು. 1997ರ ಅಕ್ಟೋಬರ್ 4ರಂದು ಇಶಿಕಾವಾ ಪ್ರಾಂತದ ಹೊಕುರಿಕು ಹೆದ್ದಾರಿಯಲ್ಲಿ ಅವರಿದ್ದ ಕಾರು ಮುಂದಿನ ವಾಹನಕ್ಕೆ ತಾಗಿತು. ಆದ ಹಾನಿಯನ್ನು ನೋಡಲೆಂದು ಕೆಳಗಿಳಿದಾಗ ಮತ್ತೊಂದು ಕಾರು ಬಡಿದು ಅವರು ಅಸುನೀಗಿದರು. ಆಗ ಅವರ ವಯಸ್ಸು 56. ಅವರು ರೂಪಿಸುತ್ತಿದ್ದ ಯಂತ್ರ ವಂಡರ್‌ಸ್ವಾನ್ ಎಂಬ ಹೆಸರಿನಿಂದ 1999ರ ಮಾರ್ಚಿನಲ್ಲಿ ಬಿಡುಗಡೆಯಾಯಿತು. ಅದಕ್ಕೆ ಬೇಕಾದುದು ಒಂದೇ ಒಂದು ಸೆಲ್ಲು. ಅದರ ಒಂದು ಆಟಕ್ಕೆ ಅವರ ನೆನಪಿನಲ್ಲಿ ಗುನ್ಪೇ ಎಂದೇ ಹೆಸರಿಡಲಾಯಿತು. 2003ರಲ್ಲಿ ಆಟ ನಿರ್ಮಾಪಕರ ಅಂತರರಾಷ್ಟ್ರೀಯ ಸಂಘವು ಮರಣೋತ್ತರವಾಗಿ ಜೀವಮಾನ ಸಾಧನೆಯ ಗೌರವವನ್ನು ಅವರಿಗೆ ಸಲ್ಲಿಸಿತು.

ಯೊಕೊಯಿಯವರ ನಿಜವಾದ ಸ್ಮಾರಕ ಮಾತ್ರ ಜಗತ್ತಿನ ಹವ್ಯಾಸಿಗಳ ಮೇಜುಗಳ ಮೇಲಿದೆ. ಮೂವತ್ತು ವರ್ಷಗಳಿಗೂ ಹಳೆಯದಾದ ಗೇಮ್ ಬಾಯ್ ಯಂತ್ರಗಳನ್ನು ಅವರು ಬಿಚ್ಚಿ, ಮಸುಕಾದ ಪರದೆಯ ಬದಲು ಒಳಬೆಳಕಿನ ಹೊಸ ಪರದೆಯನ್ನೂ, ಸೆಲ್ಲುಗಳ ಬದಲು ಮತ್ತೆ ಮತ್ತೆ ಚಾರ್ಜು ಮಾಡಬಹುದಾದ ಬ್ಯಾಟರಿಯನ್ನೂ ಅಳವಡಿಸಿ ಹಳೆಯ ಆಟಗಳನ್ನು ಆಡುತ್ತಾರೆ. ಆಡಿದ್ದನ್ನು ನೆನಪಿಟ್ಟುಕೊಳ್ಳಲು ಕೆಲವು ಕಾರ್ಟ್ರಿಜ್‌ಗಳೊಳಗೆ ಗಡಿಯಾರದ ಸೆಲ್ಲಿನಂಥ ಬಿಲ್ಲೆಸೆಲ್ಲೊಂದು ಇರುತ್ತದೆ. ಅದು ಬತ್ತಿದಾಗ ಕೂಡಿಟ್ಟ ಆಟವೆಲ್ಲ ಅಳಿಯುವುದರಿಂದ ಬೆಸುಗೆ ಬಿಡಿಸಿ ಹೊಸ ಸೆಲ್ಲನ್ನು ಕೂಡಿಸಬೇಕಾಗುತ್ತದೆ. 2020ರ ನವೆಂಬರಿನಲ್ಲಿ ನಿಂಟೆಂಡೋ ಸಂಸ್ಥೆಯು ಗೇಮ್ ಅಂಡ್ ವಾಚ್ ಹೆಸರಿನಲ್ಲಿ ಹೊಸದೊಂದು ಪುಟ್ಟ ಯಂತ್ರವನ್ನು ಹೊರತಂದಿತು. ಹವ್ಯಾಸಿಗಳು ಅದರ ಸ್ಮೃತಿಯ ಚಿಪ್ಪನ್ನು ಬದಲಿಸಿ, ಹೊಸ ತಂತ್ರಾಂಶವನ್ನು ತುಂಬಿ ಅದರಲ್ಲಿ ಗೇಮ್ ಬಾಯ್ ಆಟಗಳನ್ನೂ ನಡೆಸಿದರು. ಹೀಗೆ ಒಬ್ಬರೇ ಕಲ್ಪಿಸಿದ ಎರಡು ಯಂತ್ರಗಳು ಅವರ ಕಾಲಾನಂತರ ಒಂದೇ ಕಾಯದಲ್ಲಿ ಕೂಡಿಕೊಂಡವು. ಆಟಗಳ ಹಕ್ಕು ಅವುಗಳ ಒಡೆಯರದೇ ಆದುದರಿಂದ ತಾವು ಕೊಂಡ ಆಟಗಳನ್ನಷ್ಟೇ ಬಳಸುವ ಪ್ರಾಮಾಣಿಕತೆಯೂ ಈ ಹವ್ಯಾಸಕ್ಕೆ ಭೂಷಣ.

ಆಟದ ಯಂತ್ರಗಳು ಮಕ್ಕಳ ಓದನ್ನು ಕೆಡಿಸುವುವೆಂಬ ಉಪಾಧ್ಯಾಯರ ಚಿಂತೆ ನಿರಾಧಾರವಲ್ಲ. ಆದರೆ ಆಟವನ್ನು ಆಡಿ ಮುಗಿಸಿದ ಬಾಲಕನು ಅದು ಹೇಗೆ ನಡೆಯುತ್ತದೆಂದು ಬಿಚ್ಚಿನೋಡಲು ಹೊರಟಾಗ ಅಲ್ಲಿ ವಿದ್ಯೆಯ ಬಾಗಿಲೊಂದು ತೆರೆಯುತ್ತದೆ. ಸರ್ಕೀಟು, ಬೆಸುಗೆ, ಬೆಳಕು, ವಿದ್ಯುತ್ತು ಎಲ್ಲವೂ ಆ ಬಾಗಿಲಿನಾಚೆಗೆ ಇವೆ. ಹಳ್ಳಿಗಾಡಿನ ವಿದ್ಯಾಶಾಲೆಗಳ ಪ್ರಯೋಗಾಲಯಗಳಲ್ಲಿ ಹೊಚ್ಚಹೊಸ ಉಪಕರಣಗಳು ಇಲ್ಲದಿರಬಹುದು. ಕೆಟ್ಟ ರೇಡಿಯೋ, ಹಳೆಯ ಕ್ಯಾಲ್ಕುಲೇಟರು, ಮೂಲೆಗೆ ಬಿದ್ದ ಮೊಬೈಲುಗಳಿಗೆ ಯಾವ ಊರಲ್ಲಿಯೂ ಕೊರತೆಯಿಲ್ಲ. ಇಸ್ಪೀಟಿನ ಕಾರ್ಖಾನೆಯ ಮೂಲೆಯಲ್ಲಿ ಕುಳಿತು, ಹೊಸದನ್ನು ಹಂಬಲಿಸದೆ, ಇದ್ದುದರಲ್ಲಿಯೇ ಇಲ್ಲದ್ದನ್ನು ಕಂಡ ಯೊಕೊಯಿಯವರ ಜೀವನವು ಅಂಥ ಶಾಲೆಗಳ ಗುರುಗಳಿಗೂ ವಿದ್ಯಾರ್ಥಿಗಳಿಗೂ ಅವರ ಬೆನ್ನಿಗೆ ನಿಂತ ದಾನಿಗಳಿಗೂ ಧೈರ್ಯವನ್ನೀಯುವಂಥದು. ಹುಡುಗನೊಬ್ಬನು ಬಿಡುವಿನಲ್ಲಿ ಏನನ್ನೋ ಕಟ್ಟುತ್ತ ಕುಳಿತಿದ್ದರೆ ಗದರಿಸುವ ಮುನ್ನ ಅದೇನೆಂದು ಒಮ್ಮೆ ಕೈಗೆತ್ತಿಕೊಂಡು ನೋಡುವುದು ಒಳಿತು.