ಎರಡು ದೇಶಗಳ ಗುರು ಫಾದರ್ ಕೀನೊ

ಹಳೆ ಗೋವಾಕ್ಕೆ ಹೋಗಿ ಸಂತ ಫ್ರಾನ್ಸಿಸ್ ಜೇವಿಯರರ ಪಾರ್ಥಿವ ಶರೀರದ ದರ್ಶನ ಪಡೆದು ಬಂದವರು ನಮ್ಮ ಧರ್ಮಕೇಂದ್ರಗಳಲ್ಲಿ ಅನೇಕರಿದ್ದಾರೆ. ಅದೇ ಸಂತರ ಮಲಗಿದ ಭಂಗಿಯ ಪ್ರತಿಮೆಯೊಂದು ಭೂಮಿಯ ಇನ್ನೊಂದು ಮಗ್ಗುಲಲ್ಲಿ, ಮೆಕ್ಸಿಕೊ ದೇಶದ ಮಗ್ದಲೆನಾ ಪಟ್ಟಣದಲ್ಲಿದೆ. ಪ್ರತಿ ವರ್ಷ ಅಕ್ಟೋಬರ್ 4ರಂದು ಅಲ್ಲಿ ಹಬ್ಬ. ನೆರೆಯ ಅಮೆರಿಕದ ಅರಿಜೋನಾ ರಾಜ್ಯದಿಂದಲೂ ಭಕ್ತರು ಗಡಿ ದಾಟಿ ಬರುತ್ತಾರೆ. ಕೆಲವರು ಕಾಲ್ನಡಿಗೆಯಲ್ಲೇ ಬರುವುದುಂಟು. ಆ ಮರುಭೂಮಿಗೆ ಜೇವಿಯರರ ಭಕ್ತಿಯನ್ನು ಹೊತ್ತು ತಂದವರು ಯೇಸುಸಭೆಯ ಗುರು ಯುಸೆಬಿಯೊ ಫ್ರಾನ್ಸಿಸ್ಕೊ ಕೀನೊ.

ಕೀನೊ 1645ರಲ್ಲಿ ಉತ್ತರ ಇಟಲಿಯ ಸೆನ್ಯೊ ಎಂಬ ಹಳ್ಳಿಯಲ್ಲಿ ಜನಿಸಿದರು. ವಿದ್ಯಾರ್ಥಿಯಾಗಿದ್ದಾಗ ಕಠಿಣ ಕಾಯಿಲೆ ಅವರನ್ನು ಸಾವಿನ ಬಾಗಿಲಿಗೆ ಒಯ್ದಿತು. ಬದುಕಿ ಉಳಿದರೆ ಗುರುವಾಗಿ ದೂರದೇಶದಲ್ಲಿ ಸೇವೆ ಮಾಡುವೆನೆಂದು ಅವರು ಸಂತ ಜೇವಿಯರರಿಗೆ ಹರಕೆ ಹೊತ್ತರು. ಗುಣವಾದ ಮೇಲೆ ತಮ್ಮ ಹೆಸರಿಗೆ ಸಂತರ ಹೆಸರನ್ನೂ ಸೇರಿಸಿಕೊಂಡರು. ಜೇವಿಯರರಂತೆ ಪೂರ್ವದೇಶಗಳಿಗೆ, ಅದರಲ್ಲೂ ಚೀನಾಕ್ಕೆ ಹೋಗಬೇಕೆಂಬುದು ಅವರ ಬಯಕೆ. ಆದರೆ ಇಬ್ಬರು ಗುರುಗಳಲ್ಲಿ ಯಾರು ಫಿಲಿಪ್ಪೀನ್ಸಿಗೆ, ಯಾರು ಮೆಕ್ಸಿಕೊಗೆ ಎಂದು ಚೀಟಿ ಎತ್ತಿದಾಗ ಅವರ ಪಾಲಿಗೆ ಬಂದದ್ದು ಮೆಕ್ಸಿಕೊ. ಅದನ್ನೇ ದೈವಚಿತ್ತವೆಂದು ತಿಳಿದು ಹಡಗು ಹತ್ತಿದ ಅವರು 1681ರಲ್ಲಿ ಅಲ್ಲಿಗೆ ತಲುಪಿದರು.

ಆಗ ಮೆಕ್ಸಿಕೊ ಸ್ಪೇನ್ ಸಾಮ್ರಾಜ್ಯದ ವಸಾಹತು. ಅದರ ವಾಯವ್ಯ ಅಂಚಿನಲ್ಲಿ, ಸ್ಪೇನಿನ ಆಡಳಿತ ಇನ್ನೂ ಸರಿಯಾಗಿ ಮುಟ್ಟದ ಬಿಸಿಲುನಾಡಿನಲ್ಲಿ, ಓಓದಮ್ ಎಂಬ ಮೂಲನಿವಾಸಿಗಳು ವಾಸವಾಗಿದ್ದರು. ಸ್ಪೇನಿನವರು ಅವರನ್ನು ಪೀಮಾ ಎಂದೂ ಆ ಸೀಮೆಯನ್ನು ಪಿಮೇರಿಯಾ ಆಲ್ತಾ ಎಂದೂ ಕರೆದರು. 1687ರ ಮಾರ್ಚ್ ತಿಂಗಳಲ್ಲಿ ಕೀನೊ ಅಲ್ಲಿಗೆ ಬಂದು ವ್ಯಾಕುಲ ಮಾತೆಯ ಹೆಸರಿನಲ್ಲಿ ದೊಲೊರೆಸ್ ಧರ್ಮಕೇಂದ್ರವನ್ನು ಸ್ಥಾಪಿಸಿದರು.

ಅವರು ಬರಿಗೈಯಲ್ಲಿ ಬರಲಿಲ್ಲ. ಬೆಳ್ಳಿಯ ಗಣಿಗಳ ಒಡೆಯರು ಮೂಲನಿವಾಸಿಗಳನ್ನು ಹಿಡಿದು ಬಲವಂತವಾಗಿ ದುಡಿಸುತ್ತಿದ್ದ ಕಾಲವದು. ಹೊಸದಾಗಿ ದೀಕ್ಷಾಸ್ನಾನ ಪಡೆದವರನ್ನು 20 ವರ್ಷಗಳ ಕಾಲ ಹಾಗೆ ದುಡಿಸಕೂಡದೆಂಬ ರಾಜಾಜ್ಞೆ ಅವರ ಕೈಯಲ್ಲಿತ್ತು. ಗೋಧಿ ಬಿತ್ತುವುದನ್ನೂ ದನ ಸಾಕುವುದನ್ನೂ ಅವರು ಜನರಿಗೆ ಕಲಿಸಿದರು. ಜನರ ಹೊಟ್ಟೆ ತುಂಬಿಸದೆ ಸುವಾರ್ತೆ ಸಾರಿದರೆ ಸಾಲದೆಂಬುದನ್ನು ಅವರು ಚೆನ್ನಾಗಿ ಬಲ್ಲವರಾಗಿದ್ದರು.

ಆದರೆ ಶಿಲುಬೆಯ ಬೆನ್ನ ಹಿಂದೆಯೇ ಸೈನಿಕರೂ ಬರುತ್ತಿದ್ದರು. 1695ರಲ್ಲಿ ಪೀಮಾ ಜನರ ದಂಗೆಯಾಯಿತು. ಕಬೋರ್ಕದಲ್ಲಿ ಯುವಗುರು ಸಯೇತಾ ಹತರಾದರು. ಬಳಿಕ ಶಾಂತಿಯ ಮಾತಿಗೆಂದು ನಂಬಿ ಬಂದ ಪೀಮಾ ಜನರ ಮೇಲೆ ಸ್ಪೇನಿನ ಕಡೆಯವರು ಎರಗಿದರು. ತಪ್ಪಿತಸ್ಥರ ಜೊತೆ ನಿರಪರಾಧಿಗಳೂ ಪ್ರಾಣ ತೆತ್ತರು. ದಂಗೆ ಮತ್ತಷ್ಟು ಹಬ್ಬಿತು. ತಮ್ಮ ಸಹಗುರುವನ್ನು ಕಳೆದುಕೊಂಡ ಕೀನೊ ಸೇಡಿನ ಮಾತಾಡಲಿಲ್ಲ. ಶಾಂತಿ ನೆಲೆಸುವಂತೆ ದುಡಿದು, ಕುದುರೆ ಏರಿ ಸುಮಾರು 50 ದಿನ ಪ್ರಯಾಣ ಮಾಡಿ ಮೆಕ್ಸಿಕೊ ನಗರ ಸೇರಿ, ತಮ್ಮ ಜನರ ಪರವಾಗಿ ಅಧಿಕಾರಿಗಳ ಮುಂದೆ ವಾದಿಸಿದರು.

ಕೀನೊ ನಕ್ಷೆ ಬರೆಯುವುದರಲ್ಲೂ ನಿಪುಣರು. ಅಂದು ಯುರೋಪಿನ ಅನೇಕ ನಕ್ಷೆಗಳಲ್ಲಿ ಕ್ಯಾಲಿಫೋರ್ನಿಯಾ ಒಂದು ದ್ವೀಪವಾಗಿತ್ತು. ಕೊಲರಾಡೊ ನದಿಯ ಕಡೆಯ ಜನರು ನೀಲಿ ಚಿಪ್ಪುಗಳನ್ನು ಅವರಿಗೆ ಕಾಣಿಕೆಯಾಗಿ ಕೊಟ್ಟರು. ಅಂಥ ಚಿಪ್ಪುಗಳನ್ನು ಅವರು ಹಿಂದೆ ಕ್ಯಾಲಿಫೋರ್ನಿಯಾದ ಆಚೆಯ ಕರಾವಳಿಯಲ್ಲಿ ಮಾತ್ರ ಕಂಡಿದ್ದರು. ದೋಣಿಗಳಿಲ್ಲದೆ ಇವು ಬಂದದ್ದು ಹೇಗೆ? ನೆಲದ ಹಾದಿ ಇರಲೇಬೇಕೆಂದು ಊಹಿಸಿ ಮತ್ತೆ ಮತ್ತೆ ಪ್ರಯಾಣ ಹೊರಟ ಅವರು, 1702ರ ಹೊತ್ತಿಗೆ ಆ ನದಿಯ ಮುಖವನ್ನು ತಲುಪಿ, ಕ್ಯಾಲಿಫೋರ್ನಿಯಾ ದ್ವೀಪವಲ್ಲವೆಂದು ತೋರಿಸಿಕೊಟ್ಟರು. ಅವರ ನಕ್ಷೆ 1705ರಲ್ಲಿ ಪ್ಯಾರಿಸಿನಲ್ಲಿ ಅಚ್ಚಾಯಿತು. ದೂರವಾದ ಎರಡು ನಾಡುಗಳನ್ನು ಬೆಸೆಯುವ ದಾರಿ ತೋರಿಸುವುದೇ ಆ ನಕ್ಷೆಯ ಉದ್ದೇಶವಾಗಿತ್ತು.

1711ರ ಮಾರ್ಚ್ 15ರಂದು ಮಗ್ದಲೆನಾದಲ್ಲಿ ಸಂತ ಜೇವಿಯರರ ಹೊಸ ಪ್ರಾರ್ಥನಾಲಯವನ್ನು ಪ್ರತಿಷ್ಠಾಪಿಸಲು ಬಂದಿದ್ದ ಕೀನೊ ಅಲ್ಲೇ ಪ್ರಭುವಿನಲ್ಲಿ ನಿದ್ರಿಸಿದರು. ಕರುವಿನ ಚರ್ಮ ಅವರ ಹಾಸಿಗೆ, ಕುದುರೆಯ ಜೀನು ಅವರ ತಲೆದಿಂಬು. 24 ವರ್ಷಗಳ ದುಡಿಮೆಯ ನಂತರವೂ ಅವರಿಗೆ ಸ್ವಂತದ್ದೆನ್ನುವ ಆಸ್ತಿಯೇನೂ ಇರಲಿಲ್ಲ.

ಕಾಲ ಉರುಳಿತು. 1821ರಲ್ಲಿ ಮೆಕ್ಸಿಕೊ ಸ್ಪೇನಿನಿಂದ ಸ್ವತಂತ್ರವಾಯಿತು. ಯುದ್ಧದಲ್ಲಿ ಸೋತ ಮೆಕ್ಸಿಕೊ 1848ರ ಒಪ್ಪಂದದಂತೆ ವಿಶಾಲ ಪ್ರದೇಶಗಳನ್ನು ಅಮೆರಿಕಕ್ಕೆ ಬಿಟ್ಟುಕೊಟ್ಟಿತು. 1853ರಲ್ಲಿ ಇನ್ನೊಂದು ಒಪ್ಪಂದವಾಗಿ, ಸುಮಾರು 77 ಸಾವಿರ ಚದರ ಕಿಲೋಮೀಟರ್ ಭೂಮಿ 1 ಕೋಟಿ ಡಾಲರಿಗೆ ಅಮೆರಿಕದ ಪಾಲಾಯಿತು. ಹೊಸ ಗಡಿರೇಖೆ ಕೀನೊ ಸ್ವಾಮಿಗಳ ಸೀಮೆಯನ್ನು ನಡುವೆ ಸೀಳಿತು. ದೊಲೊರೆಸ್, ಮಗ್ದಲೆನಾ, ಕಬೋರ್ಕ ಮೆಕ್ಸಿಕೊದಲ್ಲಿ ಉಳಿದವು. ತುಮಕಾಕೊರಿ ಮತ್ತು ಸಾನ್ ಜೇವಿಯರ್ ದೆಲ್ ಬಾಕ್ ಅಮೆರಿಕಕ್ಕೆ ಸೇರಿದವು. ಆ ನೆಲದ ಮಕ್ಕಳಾದ ಓಓದಮ್ ಜನರನ್ನು ಯಾರೂ ಕೇಳಲಿಲ್ಲ. ಅಣ್ಣ ಒಂದು ದೇಶದವನಾದರೆ ತಮ್ಮ ಇನ್ನೊಂದು ದೇಶದವನಾದ. ಅಜ್ಜನ ಸಮಾಧಿಗೆ ಹೋಗಬೇಕಾದರೂ ಗಡಿ ದಾಟಬೇಕು.

ಆದರೂ ಈ ಗುರುವನ್ನು ಎರಡು ದೇಶಗಳೂ ತಮ್ಮವರೆನ್ನುತ್ತವೆ. 1965ರಲ್ಲಿ ಅರಿಜೋನಾ ಅವರ ಪ್ರತಿಮೆಯನ್ನು ವಾಷಿಂಗ್ಟನ್ನಿನ ಸಂಸತ್ ಭವನದಲ್ಲಿ ಇರಿಸಿತು. 1966ರಲ್ಲಿ ಅವರ ಅಸ್ಥಿ ಮಗ್ದಲೆನಾದಲ್ಲಿ ಪತ್ತೆಯಾಯಿತು. ಆ ಊರು ಇಂದು ಮಗ್ದಲೆನಾ ದೆ ಕೀನೊ. 2020ರ ಜುಲೈಯಲ್ಲಿ ಪವಿತ್ರ ಸಭೆ ಅವರನ್ನು ಪೂಜ್ಯರೆಂದು ಘೋಷಿಸಿತು.

ಪ್ರಿಯ ವಾಚಕರೇ, ದೇಶಗಳಿಗೆ ಗಡಿ ಬೇಕಾಗಬಹುದು, ಹೊಲಕ್ಕೆ ಬದು ಬೇಕಾಗಬಹುದು. ಆದರೆ ಬದುವಿನ ಆಚೆ ಇರುವವನೂ ನಮ್ಮ ಸಹೋದರನೇ ಎಂಬುದನ್ನು ನಾವು ಮರೆಯಬಾರದು. ಅಕ್ಟೋಬರ್ ಬಂದಾಗ ಗಡಿ ದಾಟಿ ಮಗ್ದಲೆನಾಕ್ಕೆ ನಡೆಯುವ ಓಓದಮ್ ಭಕ್ತರು ಅದನ್ನು ಇಂದಿಗೂ ನೆನಪಿಟ್ಟುಕೊಂಡಿದ್ದಾರೆ.